ಕೈ ಕಟ್ಟಿಕೊಂಡು ಬರುವ ತಡಿಯಕ್ಕ

ತಡಿಯಕ್ಕ ನಡೆಯುವಾಗ ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಿರುತ್ತಾರೆ. ಗಾಜಿನಂಗಡಿಯ ಬಾಗಿಲಲ್ಲಿ 'ಏನನ್ನೂ ಮುಟ್ಟಕೂಡದು' ಎಂದು ತಾಯಿಯಿಂದ ಗದರಿಸಿಕೊಂಡ ಮಗುವೊಂದು ಐವತ್ತು ದಾಟಿದ ಮೇಲೂ ಆ ಆಜ್ಞೆಯನ್ನು ಶಿರಸಾವಹಿಸಿ ನಡೆದಂತೆ. ಆಸ್ಪತ್ರೆಯ ಸಮಸ್ತ ಕಂಪ್ಯೂಟರುಗಳ ಯೋಗಕ್ಷೇಮ ಅವರದು. ಯಂತ್ರಗಳ ಕೋಣೆಯ ಚಳಿಗೆಂದು ಹೊಲಿಸಿದ ಕಪ್ಪು ಉಣ್ಣೆಯ ಕೋಟು ಸುಡುಬೇಸಿಗೆಯಲ್ಲೂ ಅವರ ಮೈ ಬಿಡದು. ಬಾಯಿ ತೆರೆದರೆ ಮೊದಲ ಮಾತು 'ತಡಿ'. ಅದೇ ಅಡ್ಡಹೆಸರಾಗಿ, ಅಪ್ಪ ಅಮ್ಮ ಇಟ್ಟ ಹೆಸರನ್ನು ನುಂಗಿ ಕೂತಿದೆ.

ನಾನು ಅಲ್ಲಿನ ರಕ್ತನಿಧಿಯಲ್ಲಿ ಕೀಲಿಮಣೆ ಕುಟ್ಟಿ ಹೊಟ್ಟೆ ಹೊರೆಯುವವನು. ಯಂತ್ರವನ್ನು ಆರಿಸಿ ಮತ್ತೆ ಹೊತ್ತಿಸುವ ಏಕೈಕ ವಿದ್ಯೆಯ ಬಲದಿಂದ ನಮ್ಮ ಮನೆಯಲ್ಲಿ ಕಂಪ್ಯೂಟರ್ ಪಂಡಿತನೆನಿಸಿಕೊಂಡವನು.

ಅಂದು ಮಧ್ಯಾಹ್ನ ಆ ವಿದ್ಯೆ ಕೈಕೊಟ್ಟಿತು. ಮೇಲಿನ ಮಹಡಿಯಲ್ಲಿ ಹೆಂಗಸೊಬ್ಬಳ ಹೊಟ್ಟೆಯ ಶಸ್ತ್ರಚಿಕಿತ್ಸೆ ನಡೆದಿತ್ತು. ಸುಲಭಕ್ಕೆ ಯಾರದ್ದೂ ಹೊಂದದ ರಕ್ತ ಅವಳದು. ನಮ್ಮ ಡಾಕ್ಟರಮ್ಮ ಬೆಳಗಿನಿಂದ ಪರೀಕ್ಷಿಸಿ ಅವಳಿಗೆ ಒಗ್ಗುವ ಎರಡು ಚೀಲಗಳನ್ನು ಆರಿಸಿದ್ದರು. ಯಾವ ಎರಡು ಎಂಬ ವಿವರ ಲೇಬಲ್ ಮುದ್ರಿಸುವ ತಂತ್ರಾಂಶದೊಳಗಿತ್ತು, ತಂತ್ರಾಂಶವೋ ತೆರೆಯಲೊಲ್ಲದು. ಯಾವುದೋ ಡಿಎಲ್ಎಲ್ ಫೈಲು ಸಿಗುತ್ತಿಲ್ಲವೆಂದು ಒಂದೇ ರಾಗ ಹಾಡುತ್ತಿತ್ತು. ಮತ್ತೆ ಪರೀಕ್ಷಿಸುವಷ್ಟು ಸಮಯ ಮೇಲಿನವಳಿಗಿರಲಿಲ್ಲ. ಅವಳ ತಂಗಿ ತಂಪುಪೆಟ್ಟಿಗೆ ಹಿಡಿದು ಕಿಟಕಿಯಾಚೆ ನಿಂತಿದ್ದಳು.

ನಾನು ಇಂಟರ್ನೆಟ್ಟಿನಲ್ಲಿ ಜಾಲಾಡಿ ಅದೇ ಹೆಸರಿನ ಫೈಲನ್ನು ಪತ್ತೆಹಚ್ಚಿ, ವೀರಾವೇಶದಿಂದ ಇಳಿಸಿಕೊಳ್ಳಲು ಬೆರಳಿಟ್ಟಿದ್ದೆ. ಡಾಕ್ಟರಮ್ಮ ಕರೆಸಿದ್ದ ತಡಿಯಕ್ಕ ಅಷ್ಟರಲ್ಲಿ ನನ್ನ ಬೆನ್ನ ಹಿಂದೆ ಬಂದು ನಿಂತಿದ್ದರು.

"ತಡಿ."

"ಅಕ್ಕಾ, ಹೆಸರು ಅದೇ ಇದೆ. ಪುಕ್ಕಟೆ ಬೇರೆ."

"ನಿನ್ನ ಹೆಸರಿನವನು ಇನ್ನೊಬ್ಬ ಬೀದೀಲಿ ಸಿಕ್ಕಿದ್ರೆ ನಿಮ್ಮಮ್ಮ ಕರ್ಕೊಂಡ್ಹೋಗಿ ಊಟಕ್ಕೆ ಕೂರಿಸ್ತಾರಾ?"

ನನ್ನನ್ನೇ ಕೂರಿಸುವುದು ಅನುಮಾನವೆಂದು ಹೇಳುವ ಹೊತ್ತು ಅದಾಗಿರಲಿಲ್ಲ.

"ಹೊಸದಾಗಿ ಯಾರು ಬಂದ್ರು?" ಎಂದರು. ಏನು ಕೆಟ್ಟಿತೆಂದು ಅವರು ಎಂದೂ ಮೊದಲು ಕೇಳುವವರಲ್ಲ. ಅವರ ಸಿದ್ಧಾಂತದಲ್ಲಿ ಕಂಪ್ಯೂಟರ್ ಒಂದು ವಠಾರ; ಡಿಎಲ್ಎಲ್ ಎಂಬುದು ಅಲ್ಲಿನವರೆಲ್ಲ ಹಂಚಿಕೊಂಡ ಏಣಿ. ಹೊಸ ಬಾಡಿಗೆಯವರು ತಮ್ಮ ಅಟ್ಟದ ಎತ್ತರಕ್ಕೆ ಅದನ್ನು ಬದಲಾಯಿಸಿಬಿಟ್ಟರೆ ಹಳಬರು ತಮ್ಮ ಅಟ್ಟದ ಮೇಲೇ ಸಿಕ್ಕಿಬೀಳುತ್ತಾರೆ.

ಬಂದಿದ್ದದ್ದು ಚೀಲದ ಮೇಲಿನ ಪಟ್ಟೆಗೆರೆ ಓದುವ ಸ್ಕ್ಯಾನರು; ಅದರ ತಂತ್ರಾಂಶ ಬೆಳಿಗ್ಗೆಯಷ್ಟೇ ಸೇರಿಕೊಂಡಿತ್ತು. ಅಕ್ಕ ಕುರ್ಚಿಗೆ ಕೂತು ಹುಡುಕಿದರೆ, ಇಲ್ಲವೆನ್ನಲಾದ ಫೈಲು ತನ್ನ ಜಾಗದಲ್ಲೇ ತಣ್ಣಗೆ ಕೂತಿದೆ!

"ಬರೀ ಸುಳ್ಳು ಹೇಳುತ್ತಲ್ಲ ಇದು," ಎಂದೆ.

"ಸುಳ್ಳಲ್ಲ. ಇದು ಇನ್ನೊಂದು ಫೈಲನ್ನ ಕರೀತಿದೆ, ಅದು ಬರ್ತಿಲ್ಲ. ಅಳೋ ಮಗುನ ಬೈದು ಏನು ಬಂತು, ಚಿವುಟಿದೋರು ಯಾರು ನೋಡು."

ಯಾವ ಫೈಲು ಯಾವುದನ್ನು ನೆಚ್ಚಿದೆಯೆಂದು ವಂಶವೃಕ್ಷದಂತೆ ಬಿಡಿಸಿ ತೋರಿಸುವ ಸಲಕರಣೆಯೊಂದನ್ನು ತೆರೆದು, ಕೊಂಬೆಯಿಂದ ಕೊಂಬೆಗೆ ಇಳಿಯತೊಡಗಿದರು. ಡಾಕ್ಟರಮ್ಮನ ಕೈಯಲ್ಲಿ ಫೋನು ಬೆವೆತಿತ್ತು.

"ಇನ್ನೆಷ್ಟು ಹೊತ್ತು ಅಂತ ಕೇಳ್ತಿದ್ದಾರೆ!"

"ತಡಿ ಅನ್ನಿ."

"ಸರ್ಜನ್ನು ಕಣ್ರೀ ಅವರು!"

"ಹಾಗಾದ್ರೆ ತಡೀರಿ ಅನ್ನಿ."

ಯಾರೂ ನಗಲಿಲ್ಲ. ಕೊನೆಗೆ ಖಾಲಿ ಕೊಂಬೆ ಸಿಕ್ಕಿತು: ಸ್ಕ್ಯಾನರಿನ ತಂತ್ರಾಂಶ ತನ್ನ ಹೊಸ ಫೈಲನ್ನು ತಂದಿಟ್ಟು, ಹಳೆಯದೊಂದನ್ನು ಯಾರನ್ನೂ ಕೇಳದೆ ಗುಡಿಸಿಹಾಕಿತ್ತು. ಪಕ್ಕದ ಕೋಣೆಯಲ್ಲಿ ಇದರದೇ ಅವಳಿಯಂಥ ಬದಲಿ ಯಂತ್ರವಿತ್ತು. ಅಕ್ಕ ಅದರಿಂದ ಆ ಹಳೆಯ ಫೈಲಿನ ಪ್ರತಿ ತಂದರು. ವಠಾರದ ನಡುವೆ ಇಡದೆ, ಲೇಬಲ್ ತಂತ್ರಾಂಶದ ಸ್ವಂತ ಫೋಲ್ಡರಿನೊಳಗೆ ಇಟ್ಟರು. "ಇವರ ಏಣಿ ಇವರ ಮನೆಯೊಳಗೇ ಇರ್ಲಿ."

ತಂತ್ರಾಂಶ ತೆರೆದುಕೊಂಡಿತು. ನನ್ನ ಕೈ ಮುದ್ರಣದ ಗುಂಡಿಗೆ ಹಾರಿತು.

"ತಡಿ."

ನನಗೆ ರೋಸಿಹೋಯಿತು. "ಸರಿಯಾಯ್ತಲ್ಲ ಅಕ್ಕಾ!"

"ತೆರೆದಿದೆ, ಅಷ್ಟೆ. ಸರಿಯಾಗಿದೆ ಅಂತ ಯಾರು ಹೇಳಿದ್ರು ನಿಂಗೆ?"

ನಿನ್ನೆಯೇ ಲೇಬಲ್ ಅಂಟಿಸಿ ತಂಪು ಕಪಾಟಿನಲ್ಲಿಟ್ಟಿದ್ದ ಬೇರೊಂದು ಚೀಲವನ್ನು ತರಿಸಿದರು. ಡಾಕ್ಟರಮ್ಮ ಅದರ ಮೇಲಿನ ಒಂದೊಂದೇ ಅಂಕಿಯನ್ನು ಗಟ್ಟಿಯಾಗಿ ಓದಬೇಕು, ನಾನು ತೆರೆಯಲ್ಲಿ ಕಂಡದ್ದನ್ನು ಓದಬೇಕು. ಕಿಟಕಿಯಾಚೆಯ ತಂಗಿ ಅಷ್ಟು ಹೊತ್ತಿಗೆ ಬಾಯಿ ಬಿಟ್ಟಳು.

"ಕೊಡ್ತೀರೋ ಇಲ್ವೋ, ಅದನ್ನಾದ್ರೂ ಹೇಳ್ರಮ್ಮ!"

"ಕೊಡ್ತೀನಮ್ಮ. ನಿಮ್ಮಕ್ಕನದ್ದನ್ನೇ ಕೊಡ್ಬೇಕಲ್ಲ."

ಎದ್ದು ನಿಂತಿದ್ದ ತಡಿಯಕ್ಕನ ದನಿ ಎಂದಿನಷ್ಟೇ ಒರಟಾಗಿತ್ತು. ಆದರೆ ನಾನು ಅವರ ಹಿಂಬದಿಗೆ ಕೂತಿದ್ದೆ: ಕೋಟಿನ ಮೇಲೆ ಒಂದು ಕೈ ಇನ್ನೊಂದರ ಮಣಿಕಟ್ಟನ್ನು ಬಿಗಿಹಿಡಿದಿತ್ತು.

ಅಂಕಿಗಳೆಲ್ಲ ತಾಳೆಯಾದವು. "ಹ್ಞೂಂ, ಈಗ ಒತ್ತು." ಲೇಬಲ್ ಬಂತು, ಪೆಟ್ಟಿಗೆ ಮೆಟ್ಟಿಲೇರಿತು. ಸಂಜೆ ಮೇಲಿನಿಂದ ಫೋನು ಬಂತು: ಅವಳು ಕಣ್ಣು ಬಿಟ್ಟಿದ್ದಾಳಂತೆ. ಅಷ್ಟರವರೆಗೂ ಜಾಗ ಬಿಡದಿದ್ದ ತಡಿಯಕ್ಕ, ಸ್ಕ್ಯಾನರೂ ಕೆಟ್ಟಿಲ್ಲವಷ್ಟೇ ಎಂದು ಅದನ್ನು ಮತ್ತೆ ಮತ್ತೆ ಬೀಪ್ ಎನ್ನಿಸಿ ನೋಡುತ್ತಿದ್ದರು.

"ಆ ಶನೀನ ಕಿತ್ತೆಸೀಬಾರ್ದಾ ಅಕ್ಕಾ?"

"ಯಾಕೆ, ಅದೂ ಹೊಟ್ಟೆಪಾಡಿಗೆ ಬಂದಿರೋದು. ನಿನ್ನ ಹಾಗೇನೇ."

ಬಾಗಿಲೊಡೆದು ನುಗ್ಗುವವರಿಗೆ ಲೋಕದಲ್ಲಿ ಶೂರರೆಂಬ ಬಿರುದಿದೆ. ಬಾಗಿಲಾಚೆಯ ಅಳು ಕಿವಿಗೆ ಬೀಳುತ್ತಿರುವಾಗಲೂ ಹತ್ತು ಜನರು ನೆಚ್ಚಿಕೊಂಡ ವಸ್ತುವಿನ ಮೇಲೆ ಅವಸರದ ಕೈಯಿಡದೆ, ತಮ್ಮ ಕೈಯನ್ನು ತಾವೇ ಹಿಡಿದು ನಿಲ್ಲಿಸಿಕೊಳ್ಳುವವರ ಧೈರ್ಯಕ್ಕೆ ನಾವು ಇನ್ನೂ ಹೆಸರು ಹುಡುಕಿಲ್ಲ, ಅಡ್ಡಹೆಸರಿಟ್ಟು ಸುಮ್ಮನಾಗಿದ್ದೇವೆ.