ಸಾಕು ಎನ್ನಬೇಕಾದವಳು ಮಾಬುಬಿ

ಈ ಹುಡುಗಿಗೂ ನಾನು ಮಾತು ಬರೆಯಲಿಲ್ಲ, ನಿನ್ನೆ ಡೈರಿಯಲ್ಲಿ ಇಷ್ಟನ್ನೇ ಬರೆದು ಪೆನ್ನು ಮುಚ್ಚಿದೆ, ಇದು ನಾಲ್ಕನೆಯ ಸಿನಿಮಾ, ನಾನೇ ಬರೆದು ನಾನೇ ನಿರ್ದೇಶಿಸಿ ನಾನೇ ನಟಿಸುವ ಹುಡುಗಿಯರು ಯಾರೂ ತುಟಿ ಬಿಚ್ಚುವುದಿಲ್ಲ — ಸಿದ್ಧೇಶ್ವರ ಗುಡಿ ಹತ್ತಿರ ಹೂ ಕಟ್ಟುವವಳು, ಗೋಳಗುಮ್ಮಟದ ಎದುರು ಟೋಪಿ ಮಾರುವವಳು, ಬಬಲೇಶ್ವರದ ಬಸ್ಸಿನ ಕಿಟಕಿಗೆ ಹಣೆ ಆನಿಸಿದವಳು — ಚಿತ್ರೋತ್ಸವದಲ್ಲಿ ನನ್ನ ಹೆಸರು ಹಿಡಿದು ಆಮ್ರಪಾಲಿಯವರ ಮೌನವೇ ಒಂದು ಶೈಲಿ ಎಂದರು, ನಾನು ಅಲ್ಲವೆನ್ನಲಿಲ್ಲ, ಇರಲಿ, ಉಳಿದದ್ದೆಲ್ಲ ನನಗೆ ಗೊತ್ತು, ಟಿಕೋಟಾದ ಈ ಒಣದ್ರಾಕ್ಷಿ ಶೆಡ್ಡಿನೊಳಗೆ ಹಸಿರು ಪರದೆ ತೂರಿ ಬೆಳಕು ಎಷ್ಟು ಹೊತ್ತಿಗೆ ಬರುತ್ತದೆ, ಯಾವ ಮಾತು ಹೆಚ್ಚಾಯಿತು, ಎಲ್ಲಿ ಕತ್ತರಿ ಬೀಳಬೇಕು, ಇದನ್ನೆಲ್ಲ ನಾನು ಯಾರನ್ನೂ ಕೇಳುವುದಿಲ್ಲ, ಡೈರೆಕ್ಟರ್ ಅಕ್ಕಾರ, ಬೆಳಕ ಇನ್ನ ಹತ್ತ ನಿಮಿಷ ನೋಡ್ರಿ, ಆಮ್ಯಾಲ ನನ್ನ ಬೈಬ್ಯಾಡ್ರಿ, ಕ್ಯಾಮೆರಾ ಹಿಂದಿನಿಂದ ಜುಬೇರ, ಸೊಲ್ಲಾಪುರ ರಸ್ತೆಯಲ್ಲಿ ಅವನ ಸ್ಟುಡಿಯೊ, ಮದುವೆ ವಿಡಿಯೊ ಹಿಡಿದು ಹಿಡಿದು ಅಳುವವರ ಮುಖ ಎತ್ತ ತಿರುಗುತ್ತದೆಂದು ಮೊದಲೇ ಬಲ್ಲವನು. ಕ್ಯಾಮೆರಾ ಮುಂದೆ ನಾನಿದ್ದಾಗ ಸಾಕು ಎಂದು ಶಾಟ್ ನಿಲ್ಲಿಸುವ ಕೆಲಸ ಎದುರು ನಟಿಸುವವರದು, ಅದು ನಮ್ಮ ಪದ್ಧತಿ, ಇವತ್ತು ತಾಯಿಯಾಗಿ ಕೂತ ಮಾಬುಬಿ ಚಾಚಿಯದು, ಇದೇ ಶೆಡ್ಡಿನಲ್ಲಿ ಇಪ್ಪತ್ತು ವರ್ಷ ದ್ರಾಕ್ಷಿ ತೊಟ್ಟು ಬಿಡಿಸಿದವಳು, ನಿಮಗ ಸರಿ ಅನಿಸಿದಾಗ ಸಾಕ್ ಅನ್ರಿ ಚಾಚಿ ಎಂದಿದ್ದೆ, ಅದೇ ತಪ್ಪಾಯಿತೇನೋ — ಜುಬೇರ ಬೆರಳೆತ್ತಿದ, ಶುರು, ಅಂಟು ಬೆರಳು, ದ್ರಾಕ್ಷಿ ಅದ್ದಿದ ಎಣ್ಣೆಯ ವಾಸನೆ, ಚಾಚಿ ನಾನು ಬರೆದದ್ದನ್ನೇ ಹೇಳುತ್ತಾಳೆ, ನಾಳಿ ಗಂಡಿನ ಮನ್ಯಾವ್ರು ಬರ್ತಾರ, ಹೂಂ ಅಂದೀನಿ, ನಿನಗ ಒಪ್ಪಿಗಿ ಐತಲ್ಲ, ನಾನು ತಲೆ ತಗ್ಗಿಸಿ ಬುಟ್ಟಿ ನೋಡಬೇಕು, ನೋಡಿದೆ, ಹತ್ತು ಎಣಿಸಿದೆ, ಇನ್ನು ಸಾಕು ಎನ್ನಬೇಕು, ಎನ್ನುತ್ತಿಲ್ಲ, ಯಾಕ, ಬಾಯಾಗ ದ್ರಾಕ್ಷಿ ಇಟಗೊಂಡೀಯೇನ, ಕೇಳಿದ್ದಕ್ಕ ಹೇಳಬಾರದೇನ, ಇದು ನಾನು ಬರೆದದ್ದಲ್ಲ, ಚಾಚಿಯದೇ, ಜುಬೇರ ನಗು ನುಂಗುತ್ತಿದ್ದಾನೆ, ಕ್ಯಾಮೆರಾ ಓಡುತ್ತಲೇ ಇದೆ, ನಾನೇ ಸಾಕು ಎಂದುಬಿಟ್ಟರೆ ಮುಗಿಯಿತು, ಐದನೆಯ ಹುಡುಗಿಯೂ ಹೀಗೇ ಕೂರುತ್ತಾಳೆ, ಅದಕ್ಕೂ ಶೈಲಿ ಎನ್ನುತ್ತಾರೆ — ಕಾಲೇಜಿನ ಸೆಮಿನಾರಿನಲ್ಲಿ ನನ್ನ ಕೀರಲು ಧ್ವನಿಗೆ ಹಿಂದಿನ ಸಾಲು ನಕ್ಕದ್ದು, ಎರಡೇ ಸಾಲು ಓದಿ ಕೂತದ್ದು, ಅಂದಿನಿಂದ ಕೂತೇ ಇದ್ದೇನೆ — ಬೆಳಕು ಪರದೆಯ ಅಂಚಿಗೆ ಜಾರಿತು, ಚಾಚಿಯ ಕೈ ಬುಟ್ಟಿಯ ಮೇಲೆ ನಿಂತಿದೆ, ತೊಟ್ಟಿನ ಗೀರು ಬಿದ್ದ ಕೈ, ಅದು ನಟಿಸುತ್ತಿಲ್ಲ, ಮಗಳ ಉತ್ತರಕ್ಕೆ ಕಾಯುತ್ತಿದೆ, ಮಾತಾಡವ್ವಾ, ಸುಮ್ಮ ಕುಂತರ ಒಪ್ಪಿಗಿ ಅಂತ ತಿಳಕೋತೇನಿ ನಾ, ಆ ಕೈ, ನಿಂತ ಕೈ, ಆ ಕೈ — ಒಪ್ಪಿಗಿ ಅಲ್ಲ ಬೇ, ಅಂದೆ, ಅಂಜಿಕಿ.