ಮುಂದಿನ ಸಾಲಿನ ಉಜ್ಜನಪ್ಪ

ಕೊಟ್ಟೂರೇಶನ ಹಾಸ್ಯ ಕಾರ್ಯಕ್ರಮ ನೋಡಿ ಜನ ಬಿದ್ದು ಬಿದ್ದು ನಗುತ್ತಿದ್ದರು ಅನ್ನುವುದರಲ್ಲಿ ಅನುಮಾನವಿಲ್ಲ. ಆ ನಗುವವರಲ್ಲಿ ಸುಮಾರು ಮಂದಿ ಸತ್ತಿದ್ದರು ಅನ್ನುವುದು ಬೇರೆ ಮಾತು.

ಇದಕ್ಕೆ ಗಾಬರಿಯಾಗಬೇಕಿಲ್ಲ, ಟಿ.ವಿ. ಕೆಲಸವೇ ಹಾಗೆ. ವೇದಿಕೆ ಮೇಲೆ ಒಬ್ಬ ಜೋಕು ಹೇಳಿದ ಕೂಡಲೇ ಪರದೆ ಮೇಲೆ ಪ್ರೇಕ್ಷಕರು ಹೊಟ್ಟೆ ಹಿಡಿದುಕೊಳ್ಳುವುದು ಕಾಣುತ್ತದಲ್ಲ, ಅವರಿಗೂ ಆ ಜೋಕಿಗೂ ಸಂಬಂಧವೇ ಇರುವುದಿಲ್ಲ. 'ನಕ್ಕೊಂಡು ಹೋಗ್ರಿ' ಅನ್ನುವ ಈ ಕಾರ್ಯಕ್ರಮ ಶುರುವಾಗುವ ಮೊದಲು ಕೊಟ್ಟೂರೇಶ ಭಾನುವಳ್ಳಿಯಿಂದ ಟ್ರ್ಯಾಕ್ಟರಿನಲ್ಲಿ, ನಿಟ್ಟುವಳ್ಳಿಯಿಂದ ಆಟೋಗಳಲ್ಲಿ ಜನರನ್ನು ತುಂಬಿಸಿಕೊಂಡು ಬಂದಿದ್ದ. ಕರೂರು ಕೈಗಾರಿಕಾ ಪ್ರದೇಶದಲ್ಲಿ ಹತ್ತಿ ಗೋಡೌನ್ ಆಗಿದ್ದ ತನ್ನ ಸ್ಟುಡಿಯೋದಲ್ಲಿ ಅವರನ್ನು ಕೂಡಿಸಿ, ಮಂಡಕ್ಕಿ ಮಿರ್ಚಿ ಕೊಟ್ಟು, ಈಗ ಸಣ್ಣಗೆ ನಗ್ರಿ, ಈಗ ಜೋರಾಗಿ, ಈಗ ಪಕ್ಕದೋರ ತೊಡೆ ಮೇಲೆ ಬಡ್ಕೊಂಡು ನಗ್ರಿ ಅಂತ ಒಂದು ಹಗಲು ಪೂರ್ತಿ ನಗಿಸಿ ಕ್ಯಾಮೆರಾದಲ್ಲಿ ತುಂಬಿಕೊಂಡಿದ್ದ. ಅಲ್ಲಿಂದೀಚೆಗೆ ಯಾವ ಜೋಕಿಗೆ ಯಾವ ನಗು ಬೇಕೋ ಅದನ್ನು ತೆಗೆದು ಅಂಟಿಸುವುದು ಎಡಿಟರ್ ಸುಫಿಯಾನನ ಕೆಲಸ. ಜೋಕು ಹಳಸಬಹುದು, ನಗು ಹಳಸುವುದಿಲ್ಲ.

ಮನುಷ್ಯರು ಮಾತ್ರ ಹೋಗುತ್ತಲೇ ಇರುತ್ತಾರೆ. ಭಾನುವಳ್ಳಿಯ ದುರುಗವ್ವ ಜ್ವರ ಬಂದು ತೀರಿಕೊಂಡಳು. ತೀರಿಕೊಂಡ ಮೇಲೂ ಪ್ರತಿ ಭಾನುವಾರ ಗಿಣಿ ಹಸಿರು ಸೀರೆಯಲ್ಲಿ ಬಂದು, ಪಕ್ಕದಲ್ಲಿ ಕೂತ ಗಂಡ ಗುತ್ತೆಪ್ಪನ ತೊಡೆಗೆ ಬಾರಿಸುತ್ತ ನಗುತ್ತಿದ್ದಳು. ಗುತ್ತೆಪ್ಪ ಬದುಕಿದ್ದ. ಸೋಮವಾರ ಫೋನ್ ಮಾಡಿ, ಈ ವಾರ ನಮ್ಮಾಕಿ ಒಂದೇ ಸಲ ನಕ್ಕಳಲ್ರಿ, ಜೋಕು ಸ್ವಲ್ಪ ಜಾಸ್ತಿ ಹಾಕ್ರಿ ಅಂತ ತಕರಾರು ಮಾಡುತ್ತಿದ್ದ. ಹೀಗೆ ಕೇಳುವವರು ಆ ಊರಿನಲ್ಲಿ ಇನ್ನೂ ಹಲವರಿದ್ದರು. ತಮ್ಮ ತಮ್ಮ ಸತ್ತವರನ್ನು ನೋಡಲು ಜನ ಟಿ.ವಿ. ಮುಂದೆ ಕೂಡುತ್ತಿದ್ದರು. ಚಾನೆಲ್ ಮಾಲೀಕ ಸಿದ್ದೇಶ್ ಅದನ್ನು ಕೊಟ್ಟೂರೇಶನ ಬರವಣಿಗೆಯ ಮಹಿಮೆ ಅಂತ ತಿಳಿದಿದ್ದ. ಕೊಟ್ಟೂರೇಶ ತಿದ್ದಲು ಹೋಗಿರಲಿಲ್ಲ.

ಬೆಂಗಳೂರಿನ ದೊಡ್ಡ ಚಾನೆಲ್ಲುಗಳಲ್ಲಿ ಅವನು ಬರೆದ ಜೋಕುಗಳ ಕೆಳಗೆ ಬೇರೆಯವರ ಹೆಸರು ಬರುತ್ತಿತ್ತು. ಬೇಸತ್ತು ಊರಿಗೆ ಬಂದು, ಸ್ವಂತ ಕಾರ್ಯಕ್ರಮ ಕಟ್ಟಿದ. ಮಿಮಿಕ್ರಿ, ಡ್ಯಾನ್ಸು, ಒಬ್ಬ ಜಾದೂಗಾರ, ನಡುವೆ ತಾನೇ ಬರೆದ ನಾಟಕದ ತುಣುಕು. ಹದಿನಾಲ್ಕು ವರ್ಷ ಜಿಲ್ಲೆಯೇ ನಕ್ಕಿತು. ನಗದೆ ಉಳಿದವರು ಒಬ್ಬರೇ, ಅವನ ಅಪ್ಪ ಉಜ್ಜನಪ್ಪ. ಹರಿಹರದ ಪೇಟೆಯಲ್ಲಿ ಶೇಂಗಾ ವ್ಯಾಪಾರಿ. ಆವತ್ತು ನಗು ತುಂಬಿಕೊಂಡ ದಿನ ಮುಂದಿನ ಸಾಲಿನ ನಡುವೆ ಮಖಮಲ್ಲಿನ ದೊಡ್ಡ ಕುರ್ಚಿ ಹಾಕಿ ಅಪ್ಪನನ್ನು ಕರೆದಿದ್ದ. ಮಾಲು ತೂಗೋದೈತೆ ಅಂತ ಅಪ್ಪ ಬರಲಿಲ್ಲ. ಆ ಖಾಲಿ ಕುರ್ಚಿ ಕಾಣದ ಹಾಗೆ ಸುಫಿಯಾನ್ ಅಂಚು ಕತ್ತರಿಸುತ್ತ ಬಂದಿದ್ದ.

ಕಳೆದ ಮಾಘದಲ್ಲಿ ಉಜ್ಜನಪ್ಪ ತೀರಿಕೊಂಡರು. ಅವರ ಮಂದಿಯಲ್ಲಿ ಸತ್ತವರನ್ನು ಮಲಗಿಸುವುದಿಲ್ಲ. ಮೈಗೆ ವಿಭೂತಿ ಹಚ್ಚಿ, ರುಮಾಲು ಸುತ್ತಿ, ಹೂವಿನ ಹಾರ ಹಾಕಿ ಕೂಡಿಸುತ್ತಾರೆ, ಹೂಳುವುದೂ ಕೂಡಿಸಿಯೇ. ಮನೆಯ ಕುರ್ಚಿಯ ಕಾಲು ಅಲ್ಲಾಡುತ್ತಿತ್ತು. ಕೊಟ್ಟೂರೇಶ ಸ್ಟುಡಿಯೋದ ಮಖಮಲ್ಲಿನ ಕುರ್ಚಿ ತರಿಸಿದ. ಬೆನ್ನು ನೆಟ್ಟಗಿತ್ತು, ತೋಳುಗಳಿಗೆ ಆಸರೆಯಿತ್ತು. ಪೇಟೆಯವರೆಲ್ಲ ಬಂದು ನೋಡಿ, ಅಂಗಡಿಯಾಗ ಕುಂತಂಗೇ ಅದಾರೆ ಅಂದರು. ಮಣ್ಣಾದ ಮೇಲೆ ಸೋದರತ್ತೆಯೊಬ್ಬಳು, ಅದನ್ನ ಮತ್ತೆ ಒಯ್ಯಬ್ಯಾಡಪ್ಪ, ಇಲ್ಲೇ ಬಿಡು ಅಂದಳು. ಮರುದಿನ ಶೂಟಿಂಗ್‌ಗೆ ಮುಖ್ಯ ಅತಿಥಿ ಬರುವವರಿದ್ದರು, ಬೇರೆ ಒಳ್ಳೆಯ ಕುರ್ಚಿ ಇರಲಿಲ್ಲ. ಕೊಟ್ಟೂರೇಶ ಕುರ್ಚಿಯನ್ನು ಲಗೇಜ್ ಆಟೋಕ್ಕೆ ಹಾಕಿಸಿ ಮತ್ತೆ ಮುಂದಿನ ಸಾಲಿಗೆ ತಂದಿಟ್ಟ.

ಆ ವಾರ ಸುಫಿಯಾನ್ ಫೋನ್ ಮಾಡಿ, ಸ್ವಲ್ಪ ಬರ್ರಿ ಸರ್ ಅಂದ. ಯಾಕೆ ಅಂತ ಹೇಳಲಿಲ್ಲ.

ಎಡಿಟಿಂಗ್ ಕೋಣೆಯ ಪರದೆ ಮೇಲೆ ಹದಿನಾಲ್ಕು ವರ್ಷದ ಹಿಂದಿನ ನಗು ಓಡುತ್ತಿತ್ತು. ಅದೇ ಜನ, ಅದೇ ಮಂಡಕ್ಕಿ ಪೊಟ್ಟಣ. ನಡುವೆ ಮಖಮಲ್ಲಿನ ಕುರ್ಚಿಯಲ್ಲಿ ಉಜ್ಜನಪ್ಪ ಕೂತಿದ್ದರು. ರುಮಾಲು, ಹಣೆ ತುಂಬ ವಿಭೂತಿ, ಕೊರಳಲ್ಲಿ ಚೆಂಡುಹೂವಿನ ಹಾರ. ಎರಡೂ ಕೈ ಕುರ್ಚಿಯ ತೋಳಿನ ಮೇಲೆ. ಶೇಂಗಾ ಮಾದರಿ ತಂದ ರೈತನನ್ನು ನೋಡುವ ಹಾಗೆ ಕ್ಯಾಮೆರಾದ ಕಡೆ ನೋಡುತ್ತಿದ್ದರು.

"ಕತ್ತರಿಸೋಕೆ ನೋಡಿದೆ ಸರ್" ಅಂದ ಸುಫಿಯಾನ್. "ಯಾವ ಕಡೆ ಕತ್ತರಿಸಿದರೂ ಅಪ್ಪಾಜಿ ಅಲ್ಲಿಗೇ ಬರ್ತಾರೆ."

ಕೊಟ್ಟೂರೇಶ ಬಹಳ ಹೊತ್ತು ನೋಡಿದ. ಹೆದರಿಕೆಗಿಂತ ಮೊದಲು ಅವನಿಗೆ ಬಂದದ್ದು ಹಳೆಯ ಸಿಟ್ಟು. ಇಷ್ಟು ವರ್ಷಕ್ಕೆ ಬಂದಿರಿ, ಬಂದೂ ನಗುತ್ತಿಲ್ಲವಲ್ಲ.

ಅವರು ನಗದಿದ್ದದ್ದು ಅಷ್ಟೇ ಆಗಿದ್ದರೆ ಚಿಂತೆ ಇರಲಿಲ್ಲ. ಮುಂದಿನ ವಾರ ಅವರ ಅಕ್ಕಪಕ್ಕದವರು ನಗು ನಿಲ್ಲಿಸಿದರು. ಅದರ ಮುಂದಿನ ವಾರ ಹಿಂದಿನ ಸಾಲಿನವರು. ದುರುಗವ್ವ ಎತ್ತಿದ ಕೈ ಗುತ್ತೆಪ್ಪನ ತೊಡೆಗೆ ಬೀಳದೆ ಗಾಳಿಯಲ್ಲೇ ನಿಂತಿತು. ಎಲ್ಲರೂ ಕತ್ತು ತಿರುಗಿಸಿ ಉಜ್ಜನಪ್ಪನವರ ಮುಖವನ್ನೇ ನೋಡುತ್ತ ಕೂತರು. ವೇದಿಕೆ ಮೇಲೆ ನಟ ಮಾಲತೇಶ್ ಹೆಂಗಸಿನ ವೇಷದಲ್ಲಿ ಕುಣಿಯುತ್ತಿದ್ದರೆ ಅದರ ಬೆನ್ನಿಗೆ ಪರದೆ ತುಂಬ ಉಸಿರು ಹಿಡಿದ ಸತ್ತವರು. ಮನೆಮನೆಯಲ್ಲೂ ಜನ ನಗುವುದನ್ನು ಬಿಟ್ಟು ಸುಮ್ಮನೆ ಕಾಯತೊಡಗಿದರು. ಏನನ್ನು ಕಾಯುತ್ತಿದ್ದೇವೆ ಅಂತ ಅವರಿಗೂ ಗೊತ್ತಿರಲಿಲ್ಲ.

ಸಿದ್ದೇಶ್ ಸ್ಟುಡಿಯೋಕ್ಕೇ ಬಂದ. ಪರದೆ ಮೇಲಿನ ಮುದುಕ ಯಾರು, ಹೆಂಗೆ ಬಂದರು ಅನ್ನುವುದು ಅವನಿಗೆ ಬೇಕಿರಲಿಲ್ಲ. "ಕೊಟ್ರೇಶಣ್ಣ, ಬರೋ ಭಾನುವಾರ ಆ ಯಜಮಾನ್ರು ನಗಬೇಕು. ಇಲ್ಲಾಂದ್ರೆ ಕಾರ್ಯಕ್ರಮ ಮುಚ್ಚೋಣ" ಅಂದು ಹೋದ.

ಕೊಟ್ಟೂರೇಶ ಜೀವಮಾನದಲ್ಲಿ ಬರೆಯದಷ್ಟು ಬರೆದ. ಶೇಂಗಾ ದಲ್ಲಾಳಿಯ ಮೇಲೆ, ಬೀಗರ ಮೇಲೆ, ಕಿವುಡ ಕಂಡಕ್ಟರನ ಮೇಲೆ. ಒಳಗೆ ಕೂತ ಪ್ರೇಕ್ಷಕರಿಗೆ ಜೋಕು ಕಾಣಬೇಕಲ್ಲ ಅಂತ ಸುಫಿಯಾನ್ ಹಳೆಯ ನಗು ಓಡುತ್ತಿದ್ದ ಟಿ.ವಿ.ಯನ್ನು ವೇದಿಕೆಯ ಕಡೆಗೇ ಮುಖ ಮಾಡಿಟ್ಟ. ಒಂದೊಂದು ಜೋಕು ಮುಗಿದಾಗಲೂ ಉಜ್ಜನಪ್ಪ ಎರಡು ಬೆರಳನ್ನು ಹೊಸೆದರು, ಜೊಳ್ಳು ಕಾಯಿ ಒಡೆದು ಕೆಳಗೆ ಹಾಕುವ ಹಾಗೆ.

ಕೊನೆಗೆ ಅವನು ಹರಿಹರಕ್ಕೆ, ಅವ್ವನ ಹತ್ತಿರ ಹೋದ. ಶಕುಂತಲಮ್ಮ ಪಡಸಾಲೆಯಲ್ಲಿ ಅವರೆಕಾಯಿ ಸುಲಿಯುತ್ತಿದ್ದಳು. ಟಿ.ವಿ.ಯಲ್ಲಿ ಗಂಡನನ್ನು ಆಕೆ ಮೊದಲ ವಾರವೇ ನೋಡಿದ್ದಳು, ರುಮಾಲು ಸ್ವಲ್ಪ ಓರೆಯಾಗೈತೆ ಅಂತ ಬೇಜಾರು ಮಾಡಿಕೊಂಡಿದ್ದಳು, ಅಷ್ಟೇ. ಉಳಿದವರು ಯಾಕೆ ನಗುತ್ತಿಲ್ಲ ಅಂತ ಮಗ ಕೇಳಿದ್ದಕ್ಕೆ ಅವಳಿಗೇ ಆಶ್ಚರ್ಯವಾಯಿತು.

"ಪಂಕ್ತಿಯಾಗ ಹಿರೇರು ಕೈ ಹಚ್ಚದೆ ಉಳಿದೋರು ಹೆಂಗೆ ಉಣ್ತಾರೆ? ನೀನೇ ತಂದು ನಟ್ಟನಡುವೆ ಕೂಡಿಸೀಯಲ್ಲ."

"ಹಂಗಾರೆ ಅಪ್ಪ ಯಾವುದಕ್ಕೆ ನಗ್ತಾನವ್ವ? ಒಮ್ಮೆಯಾದರೂ ನಕ್ಕಾನ?"

"ವಾರ ವಾರ ನಗ್ತಿದ್ರು" ಅಂದಳು ಶಕುಂತಲಮ್ಮ.

ಕೊಟ್ಟೂರೇಶನ ಕೈಯಲ್ಲಿದ್ದ ಅವರೆಕಾಯಿ ಅಲ್ಲೇ ಉಳಿಯಿತು.

ಅವಳು ಹೇಳಿದ್ದು ಇಷ್ಟು. ಭಾನುವಾರ ಬಂತೆಂದರೆ ಉಜ್ಜನಪ್ಪ ಬಾಗಿಲು ಮುಂದೆ ಮಾಡಿ, ಟಿ.ವಿ.ಯ ಸೌಂಡು ಪೂರ್ತಿ ಬಂದ್ ಮಾಡಿ ಕೂಡುತ್ತಿದ್ದರು. ಜೋಕು ಅವರಿಗೆ ಬೇಕಿರಲಿಲ್ಲ. ವೇದಿಕೆಯ ಪರದೆಯ ಮಗ್ಗುಲಲ್ಲಿ, ಯಾರ ಕಣ್ಣಿಗೂ ಬೀಳುವುದಿಲ್ಲ ಅಂದುಕೊಂಡು, ಮಗ ನಿಂತಿರುತ್ತಿದ್ದ. ನಟರು ಆಡುವ ಪ್ರತಿ ಮಾತಿಗೂ ಅವನ ಬಾಯಿಯೂ ಆಡುತ್ತಿತ್ತು. ಹುಬ್ಬು ಏರುತ್ತಿತ್ತು, ಸೊಂಟ ತಿರುಗುತ್ತಿತ್ತು, ಹೆಂಗಸಿನ ಮಾತು ಬಂದರೆ ಇಲ್ಲದ ಸೆರಗನ್ನು ಎಳೆದುಕೊಳ್ಳುತ್ತಿದ್ದ. "'ನೋಡಲ್ಲಿ, ಆಡು ಮೇಯ್ದಂಗೆ ಮಾಡ್ತಾನೆ' ಅಂತ ಟವೆಲ್ ಬಾಯಾಗ ತುರುಕ್ಕೊಂಡು ನಗೋರು. ನಿನಗೆ ಹೇಳಬ್ಯಾಡ ಅಂದಿದ್ರು. ಹೇಳಿದ್ರೆ ನಿಲ್ಲಿಸಿಬಿಡ್ತಾನೆ ಅಂತ."

ಸ್ಟುಡಿಯೋಕ್ಕೆ ವಾಪಸು ಬಂದು ಕೊಟ್ಟೂರೇಶ ಮಾಲತೇಶನನ್ನು ಕೇಳಿದ. ನಾನು ಹಂಗೆ ಮಾಡ್ತೀನೇನು? ಮಾಲತೇಶ್ ನೆಲ ನೋಡಿಕೊಂಡು, ಶುರುವಿನಿಂದಲೂ ಮಾಡ್ತೀರಿ ಸರ್ ಅಂದ.

ಶನಿವಾರ ಮಧ್ಯಾಹ್ನ ಕೊನೆಯ ಶೂಟಿಂಗ್. ಗೋಡೌನಿನ ತಗಡು ಕಾದು ಚಟಚಟ ಅನ್ನುತ್ತಿತ್ತು. ಅಪ್ಪಾಜಿ ಮನೆಯಲ್ಲಿ ನೋಡುತ್ತಿದ್ದ ಹಾಗೇ ಇರಲಿ ಅಂತ ಸುಫಿಯಾನ್ ವೇದಿಕೆಯ ಮೈಕುಗಳನ್ನು ಬಂದ್ ಮಾಡಿದ. ಸಿದ್ದೇಶ್ ಬಾಗಿಲ ಹತ್ತಿರ ಕೈಕಟ್ಟಿ ನಿಂತ. ಮಾಲತೇಶ್, ನಟಿ ಆಶಾರಾಣಿ ಗಂಡ ಹೆಂಡತಿಯಾಗಿ ಜಗಳ ಶುರು ಮಾಡಿದರು. ಕೊಟ್ಟೂರೇಶ ಮಗ್ಗುಲಲ್ಲಿ ನಿಂತು ಬಾಯಿ ಆಡಿಸಿದ, ಹುಬ್ಬು ಏರಿಸಿದ, ಸೆರಗು ಎಳೆದ. ಟಿ.ವಿ.ಯೊಳಗಿನ ಉಜ್ಜನಪ್ಪ ಎರಡು ಬೆರಳು ಹೊಸೆದರು. ಬೇಕಂತಲೇ ಮಾಡುವುದು ವ್ಯಾಪಾರಿಗೆ ಗೊತ್ತಾಗದೆ ಇರುತ್ತದೆಯೇ?

ಅಷ್ಟರಲ್ಲಿ ಟಿ.ವಿ.ಯೊಳಗಿನವರೆಲ್ಲ ವೇದಿಕೆಯತ್ತ ತಿರುಗಿದರು, ಮಾಲತೇಶನಿಗೆ ಮಾತು ಮರೆತುಹೋಯಿತು. ನೂರಾರು ಜೊತೆ ಕಣ್ಣು ಒಮ್ಮೆಗೇ ಮೇಲೆ ಬಿದ್ದರೆ ಯಾರಿಗಾದರೂ ಮರೆಯುತ್ತದೆ, ಅದರಲ್ಲೂ ಕಣ್ಣು ಸತ್ತವರದ್ದಾಗಿದ್ದರೆ. ಅವನು ಅರ್ಧ ಪುಟ ಹಾರಿಸಿದ. ಆಶಾರಾಣಿ ಇನ್ನೆಲ್ಲೋ ಹಿಡಿದಳು. ಇಬ್ಬರೂ ಅವರಿಗೇ ಅರ್ಥವಾಗದ ಜಗಳ ಆಡತೊಡಗಿದರು. ಕೊಟ್ಟೂರೇಶನಿಗೆ ಅಪ್ಪ ಮರೆತುಹೋದರು, ಸಿದ್ದೇಶ್ ಮರೆತುಹೋದ. ಬರೆದ ಮಾತು ಹಾಳಾಗುತ್ತಿದೆ ಅನ್ನುವುದೊಂದೇ ಉಳಿಯಿತು. ಗಂಡನ ಮಾತನ್ನೂ ಹೆಂಡತಿಯ ಮಾತನ್ನೂ ತಾನೇ ಹಿಡಿದು, ಆ ಕಡೆ ತಿರುಗಿ ಗದರಿಸಿ, ಈ ಕಡೆ ತಿರುಗಿ ಅತ್ತು, ದನಿಯಿಲ್ಲದೆ ಬಾಯಿ ಬಡಿದುಕೊಂಡ. ಬೆವರು ಮೂಗಿನ ತುದಿಯಿಂದ ತೊಟ್ಟಿಕ್ಕಿತು.

"ಸರ್" ಅಂದ ಸುಫಿಯಾನ್ ಮೆಲ್ಲಗೆ.

ಉಜ್ಜನಪ್ಪ ಹೂವಿನ ಹಾರದ ತುದಿಯನ್ನು ಬಾಯಿಗೆ ಒತ್ತಿಕೊಂಡಿದ್ದರು. ಭುಜ ಕುಣಿಯುತ್ತಿತ್ತು. ವಿಭೂತಿ ಪುಡಿಯಾಗಿ ಉದುರುತ್ತಿತ್ತು. ಆಮೇಲೆ ಹಾರ ಕೈಜಾರಿ, ಅವರು ಬಾಯಿಬಿಟ್ಟು ನಕ್ಕರು. ದುರುಗವ್ವನ ಕೈ ಗುತ್ತೆಪ್ಪನ ತೊಡೆಗೆ ಬಿತ್ತು. ಅದರ ಹಿಂದೆ ಸಾಲು ಸಾಲೇ ಸಿಡಿಯಿತು. ಟಿ.ವಿ.ಯ ಸೌಂಡು ಸೊನ್ನೆಯಲ್ಲೇ ಇತ್ತು, ಆದರೂ ತಗಡು ನಡುಗಿತು. ಸಿದ್ದೇಶ್ ಕೈ ಬಿಚ್ಚಿದ. ಹದಿನಾಲ್ಕು ವರ್ಷದಲ್ಲಿ ಮೊದಲ ಸಲ ಆ ನಗು ಎದುರಿಗೆ ನಡೆದದ್ದಕ್ಕೇ ಬಂದಿತ್ತು. ಕೊಟ್ಟೂರೇಶ ಬಾಯಿ ತೆರೆದಂತೆಯೇ ನಿಂತು ಅಪ್ಪನನ್ನು ನೋಡಿದ.

ಉಜ್ಜನಪ್ಪ ಕಣ್ಣೊರೆಸಿಕೊಂಡರು. ಪಂಚೆ ಕೊಡವಿ ಎದ್ದು ನಿಂತರು.

ಹಿರಿಯರು ಎದ್ದ ಮೇಲೆ ಪಂಕ್ತಿ ಕೂಡುವುದಿಲ್ಲ. ಒಬ್ಬೊಬ್ಬರಾಗಿ ಸತ್ತವರೆಲ್ಲ ಎದ್ದು, ಸೆರಗು, ಟವೆಲ್ ಸರಿ ಮಾಡಿಕೊಂಡು, ಊಟ ಚೆನ್ನಾಗಿದ್ದ ಮದುವೆಯಿಂದ ಹೊರಟವರ ಹಾಗೆ ಪರದೆಯ ಎಡಕ್ಕೆ ನಡೆದರು. ಬದುಕಿದ್ದವರು ಅಲ್ಲೊಬ್ಬರು ಇಲ್ಲೊಬ್ಬರು ಉಳಿದರು. ದುರುಗವ್ವನ ಹಿಂದೆ ಗುತ್ತೆಪ್ಪನೂ ಎದ್ದ. ಉಜ್ಜನಪ್ಪ ತಿರುಗಿ ನೋಡಿ, ನೀನು ಕೂಡು ಅಂತ ಕೈ ಮಾಡಿದರು. ಗುತ್ತೆಪ್ಪ ಕೂತ.

ಸುಫಿಯಾನ್ ಎಲ್ಲ ನಗುಗಳನ್ನೂ ಹುಡುಕಿದ. ಸಣ್ಣ ನಗು, ಜೋರು ನಗು, ತೊಡೆ ಬಡಿಯುವ ನಗು, ಎಲ್ಲದರಲ್ಲೂ ಬದುಕಿದ್ದ ಕೆಲವರ ಸುತ್ತ ಖಾಲಿ ಕುರ್ಚಿಗಳಷ್ಟೇ. ಇದನ್ನ ತೋರಿಸಿದರೆ ಯಾರು ನೋಡ್ತಾರೆ ಅಣ್ಣ ಅಂದ ಸಿದ್ದೇಶ್. ಬೈಯಲಿಲ್ಲ. ಕಾರ್ಯಕ್ರಮ ಮುಗಿದದ್ದು ಅಷ್ಟು ಸಲೀಸಾಗಿ.

ಕೊಟ್ಟೂರೇಶ ಹೊರಗೆ ಬಂದು ಗುತ್ತೆಪ್ಪನಿಗೆ ಫೋನ್ ಮಾಡಿದ. ಬಹಳ ಹೊತ್ತು ರಿಂಗಾಯಿತು.

"ಅದೀನ್ರಿ ಸರ್" ಅಂದ ಗುತ್ತೆಪ್ಪ. "ಕಾಲುವೆ ಏರಿ ಮ್ಯಾಲೆ ಕುಂತಿದ್ದೆ. ಎದಿ ಹಿಡ್ಕಂಡಂಗಾತು, ಎದ್ದು ಹೊಂಟೆ. ಯಾರೋ ನೀ ಕೂಡು ಅಂದಂಗಾತು. ಕೂತೆ. ಈಗ ಆರಾಮ."

ಕೊಟ್ಟೂರೇಶ ಗೋಡೌನಿನ ನೆರಳಿಗೆ ಸರಿದು ತಾನೂ ಕೂತ. ಗುತ್ತೆಪ್ಪನೇ ಕೇಳಿದ.

"ನಾಳೆ ನಮ್ಮಾಕಿ ಬರ್ತಾಳಲ್ರಿ?"

"ಇಲ್ಲ ಗುತ್ತೆಪ್ಪ. ಎಲ್ಲಾರೂ ಹೋದ್ರು. ನಮ್ಮಪ್ಪನ ಜೊತಿಗೆ."

ಆ ಕಡೆ ಕಾಲುವೆಯ ನೀರಿನ ಸದ್ದು ಕೇಳುತ್ತಿತ್ತು.

"ಹೋಗೋ ಮುಂದೆ ನಕ್ಕಳೇನ್ರಿ?"

"ನಕ್ಕಳು. ನಿನ್ನ ತೊಡಿ ಮ್ಯಾಲೆ ಹೊಡೆದು ನಕ್ಕಳು."

"ಅದಕ್ಕೇ ಉರೀತೈತೆ" ಅಂದ ಗುತ್ತೆಪ್ಪ.