ಬಟ್ಲರ್ ಸೆಸಿಲ್‌ಗೆ ಕೇಳಿಸದ ಮಾತು

ಸೆಸಿಲ್ ಥ್ರೆಲ್‌ಫಾಲ್‌ನ ಮುಖ ಇಂಗ್ಲೆಂಡಿನಲ್ಲಿ ಎಷ್ಟೋ ಜನಕ್ಕೆ ಪರಿಚಿತ, ಹೆಸರು ಮಾತ್ರ ಯಾರಿಗೂ ಗೊತ್ತಿಲ್ಲ. "ನೀವು ನಮ್ಮ ಬ್ಯಾಂಕಿನಲ್ಲಿದ್ರಿ ಅಲ್ವಾ?" ಎಂದು ಬಸ್ಸಿನಲ್ಲಿ ಕೇಳುವವರಿದ್ದರು. ಮೂವತ್ತು ವರ್ಷ ಬಟ್ಲರ್, ಪೇದೆ, ಪಾದ್ರಿ ಆಗಿ ರಂಗಕ್ಕೂ ತೆರೆಗೂ ಬಂದು, ನಾಲ್ಕು ಮಾತಾಡಿ, ಬಾಗಿಲು ಮುಂದೆ ಮಾಡಿಕೊಂಡು ಹೋದ ಮನುಷ್ಯ.

ಈಗ ಅವನ ಕಿವಿ ಕೈಕೊಟ್ಟಿತ್ತು. ಎದುರಿನವರ ತುಟಿ ನೋಡಿಯೇ ತನ್ನ ಮಾತು ಎತ್ತಿಕೊಳ್ಳುತ್ತಿದ್ದ. ಹೆಂಡತಿ ಎಡ್ನಾಳನ್ನು ಬಿಟ್ಟು ಬೇರೆ ಯಾರಿಗೂ ಹೇಳಿರಲಿಲ್ಲ. ಕಿವುಡ ನಟನನ್ನು ಯಾರು ಕರೆಯುತ್ತಾರೆ?

ಆ ಭಾನುವಾರ ಸಂಜೆ ಟೆಲಿವಿಷನ್‌ನಲ್ಲಿ ಒಂದು ಕೊಲೆಯ ನಾಟಕ, ಅದರಲ್ಲಿ ಸೆಸಿಲ್ ಬಟ್ಲರ್. ಆಗೆಲ್ಲ ನೇರಪ್ರಸಾರ, ತಪ್ಪಿದರೆ ತಿದ್ದುವಂತಿಲ್ಲ. ಕೊನೆಯ ತಾಲೀಮಿನಲ್ಲಿ ನಿರ್ದೇಶಕ ಪ್ರೌಸ್‌ಗೆ ಏನೋ ಹೊಳೆಯಿತು. ನಾಯಕ ನಟ ಡೆನ್ಜಿಲ್‌ನನ್ನು ಕಿಟಕಿಯ ಬಳಿ ನಿಲ್ಲಿಸಿ, "ಬಟ್ಲರ್‌ಗೆ ಪ್ರಶ್ನೆ ಕೇಳೋವಾಗ ತಿರುಗಬೇಡ. ಬರೀ ಬೆನ್ನು ಕಾಣ್ಲಿ" ಎಂದ.

ಬೆನ್ನು ತಿರುಗಿಸಿದರೆ ಸೆಸಿಲ್‌ಗೆ ತುಟಿ ಕಾಣುವುದಿಲ್ಲ. ಕೇಳುವುದು ಮೂರು ಪ್ರಶ್ನೆ, ಡೆನ್ಜಿಲ್ ಅವನ್ನು ಒಂದೊಂದು ಸಲ ಒಂದೊಂದು ಕ್ರಮದಲ್ಲಿ ಕೇಳುತ್ತಿದ್ದ. 'ಹೌದು' ಅನ್ನುವಲ್ಲಿ 'ಇಲ್ಲ' ಅಂದುಬಿಟ್ಟರೆ ಕೊಲೆಗಾರನೇ ಬದಲಾಗಿಬಿಡುತ್ತಾನೆ. ಅಂದಾಜಿನ ಮೇಲೆ ಉತ್ತರಿಸಿದ. ಡೆನ್ಜಿಲ್‌ನ ಮಾತು ಇನ್ನೂ ಮುಗಿದಿರಲಿಲ್ಲ.

"ಏನ್ರೀ ಥ್ರೆಲ್‌ಫಾಲ್, ನಿದ್ದೇನಾ?" ಎಂದ ಪ್ರೌಸ್.

"ಸಂಜೆಗೆ ಸರಿಹೋಗತ್ತೆ ಸರ್."

ಮಧ್ಯಾಹ್ನ ಕ್ಯಾಂಟೀನಿನಲ್ಲಿ ತಟ್ಟೆ ಬದಿಗೆ ಸರಿಸಿದ. ಹೇಳಿಯೇಬಿಡೋಣ ಎಂದು ಎದ್ದು ಪ್ರೌಸ್‌ನ ಮೇಜಿನ ತನಕ ಹೋದ. ಪ್ರೌಸ್ ತಲೆಯೆತ್ತಿ ನೋಡಿದ. ಸೆಸಿಲ್ ಉಪ್ಪು ಕೇಳಿ ಇಸಿದುಕೊಂಡು ವಾಪಸ್ಸು ಬಂದ.

ಸಂಜೆ ಪ್ರಸಾರದ ಕೆಂಪು ದೀಪ ಹತ್ತಿತು. ಡೆನ್ಜಿಲ್ ಕಿಟಕಿಗೆ ಮುಖಮಾಡಿ ನಿಂತ. ಅವನ ಭುಜ ತುಸು ಏರಿತು. ಮಾತಾಡಿದನೋ, ಬರೀ ಉಸಿರೆಳೆದನೋ? ಕ್ಯಾಮೆರಾದ ಪಕ್ಕ ಹಸ್ತಪ್ರತಿ ಹಿಡಿದಿದ್ದ ಹುಡುಗಿ ತುಟಿ ಕಚ್ಚಿಕೊಂಡಳು. ಕಚ್ಚಿಕೊಂಡಳೆಂದರೆ ಪ್ರಶ್ನೆ ಬಂದು ಹೋಗಿದೆ! ಯಾವುದು? ಸೆಸಿಲ್ ಬಾಯಿ ತೆರೆದ, ಏನೂ ಹೊರಡಲಿಲ್ಲ.

ಡೆನ್ಜಿಲ್ ನಿಧಾನವಾಗಿ ತಿರುಗಿದ. ಸೆಸಿಲ್‌ನ ಮುಖಕ್ಕೆ ಮುಖ ಕೊಟ್ಟು, ಒಂದೊಂದೇ ಪದ ಬಿಡಿಸಿ ಹೇಳಿದ: "ಇನ್ನೊಂದ್ಸಲ ಕೇಳ್ತೀನಿ. ಬಾಗಿಲಿಗೆ ಬೀಗ ಹಾಕಿತ್ತಾ?"

"ಇಲ್ಲ ಸರ್."

ಮಿಕ್ಕ ಎರಡನ್ನೂ ಅವನು ಹಾಗೆಯೇ ಕೇಳಿದ.

ನಾಟಕ ಮುಗಿದದ್ದೇ ಪ್ರೌಸ್ ಮೇಲಿನ ನಿಯಂತ್ರಣ ಕೊಠಡಿಯಿಂದ ಕಬ್ಬಿಣದ ಮೆಟ್ಟಿಲಿಳಿದು ಬಂದ. "ತಿರುಗಬೇಡ ಅಂತ ಬಡ್ಕೊಂಡಿದ್ನಲ್ಲಯ್ಯಾ!"

"ಮರೆತೋಯ್ತು ಕಣಯ್ಯ" ಎಂದ ಡೆನ್ಜಿಲ್.

ಸೆಸಿಲ್ ಕೋಟು ತೊಟ್ಟು ಹೊರಟುಬಿಡಬಹುದಿತ್ತು. ಹೊರಡಲಿಲ್ಲ. "ಅವರು ಮರೆತಿಲ್ಲ ಸರ್. ನನಗೆ ಕಿವಿ ಕೇಳ್ಸಲ್ಲ. ನನಗೋಸ್ಕರ ತಿರುಗಿದ್ರು."

"ಹೋದ ವರ್ಷದಿಂದ ಗೊತ್ತು ನಮಗೆ, ನಟರಿಗೆಲ್ಲ," ಡೆನ್ಜಿಲ್ ಅವನ ಕಡೆ ನೋಡಿ ಹೇಳಿದ. "ನೀನೇ ಬಾಯಿ ಬಿಡ್ಲಿ ಅಂತ ಸುಮ್ನಿದ್ವಿ."

"ಮಧ್ಯಾಹ್ನಾನೇ ಹೇಳೋಕೇನಾಗಿತ್ರೀ?" ಎಂದ ಪ್ರೌಸ್.

"ಹೇಳಿದ್ರೆ ಪಾತ್ರ ಉಳೀತಿತ್ತಾ ಸರ್?"

ಪ್ರೌಸ್ ಮತ್ತೆ ಕಬ್ಬಿಣದ ಮೆಟ್ಟಿಲು ಹತ್ತಿ ಹೋದ.

ಚಳಿಗಾಲವೆಲ್ಲ ಯಾರೂ ಕರೆಯಲಿಲ್ಲ. ಗಂಟೆ ಕೇಳಿಸದ ಸೆಸಿಲ್ ಟೆಲಿಫೋನಿನ ಮೇಲೆ ಅಂಗೈ ಇಟ್ಟುಕೊಂಡು ಕೂರುತ್ತಿದ್ದ.

"ಕಾವು ಕೊಟ್ರೆ ಅದು ಮರಿ ಮಾಡಲ್ಲ ರೀ, ಏಳಿ" ಎಂದು ಎಡ್ನಾ ಗದರುತ್ತಿದ್ದಳು.

ಫೆಬ್ರವರಿಯ ಒಂದು ಬೆಳಗ್ಗೆ ಅಂಗೈ ಕೆಳಗೆ ಅದು ನಡುಗಿತು. ಎಡ್ನಾ ಓಡಿಬಂದು ಎತ್ತಿಕೊಂಡಳು. ಅವಳ ತುಟಿಯನ್ನೇ ನೋಡುತ್ತ ಸೆಸಿಲ್ ಕುರ್ಚಿಯ ತೋಳನ್ನು ಬಿಗಿಹಿಡಿದ.

"ಪ್ರೌಸ್ ಅಂತೆ. ಪೋಸ್ಟ್ ಮಾಸ್ಟರ್ ಪಾತ್ರ. ಬರೋರೆಲ್ಲ ಕೌಂಟರ್ ಮುಂದೆ ನಿಂತೇ ಮಾತಾಡ್ತಾರಂತೆ."

ಸೆಸಿಲ್‌ಗೆ ಪೂರ್ತಿ ಅರ್ಥವಾಗಿತ್ತು. ಆದರೂ, "ಇನ್ನೊಂದ್ಸಲ ಹೇಳೇ" ಎಂದ.